ಫ್ಯಾಂಟಮ್‌ಗೆ ಅರ್ಧ ಮುಖವಾಡ ಕೊಟ್ಟವರು: ರಂಗ ವಿನ್ಯಾಸಕಿ ಮರಿಯಾ ಬ್ಯೋರ್ನ್‌ಸನ್ ಯಾರು? ಏನಿದು ಅವರ ಕೆಲಸ?

2025ರ ಮಾರ್ಚ್‌ನಲ್ಲಿ ಮುಂಬೈನ ನೀತಾ ಮುಕೇಶ್ ಅಂಬಾನಿ ಸಾಂಸ್ಕೃತಿಕ ಕೇಂದ್ರದಲ್ಲಿ ‘ದಿ ಫ್ಯಾಂಟಮ್ ಆಫ್ ದಿ ಒಪೆರಾ’ ಸಂಗೀತ ನಾಟಕ ಪ್ರದರ್ಶನ ಕಂಡಿತು. ಈ ನಾಟಕದ ಹೆಸರು ಹೇಳಿದ ಕೂಡಲೇ ಕಣ್ಣ ಮುಂದೆ ಬರುವುದು ಮೂರು ದೃಶ್ಯಗಳು. ಪ್ರೇಕ್ಷಕರ ತಲೆಯ ಮೇಲಿಂದ ವೇದಿಕೆಗೆ ಅಪ್ಪಳಿಸುವ ದೈತ್ಯ ತೂಗುದೀಪ, ಮಂಜಿನ ನಡುವೆ ನೆಲದಿಂದಲೇ ಮೇಲೇಳುವ ಮೇಣದಬತ್ತಿಗಳು ಮತ್ತು ನಾಯಕನ ಅರ್ಧ ಮುಖ ಮುಚ್ಚುವ ಬಿಳಿ ಮುಖವಾಡ.

ಸಂಗೀತ ಸಂಯೋಜಿಸಿದ ಆಂಡ್ರ್ಯೂ ಲಾಯ್ಡ್ ವೆಬ್ಬರ್ ಹೆಸರು ಬಹಳ ಜನರಿಗೆ ಗೊತ್ತು. ನಿರ್ದೇಶಕ ಹೆರಾಲ್ಡ್ ಪ್ರಿನ್ಸ್ ಹೆಸರು ಕೆಲವರಿಗೆ ಗೊತ್ತು. ಆದರೆ ಈ ಮೂರೂ ದೃಶ್ಯಗಳಿಗೆ ರೂಪ ಕೊಟ್ಟ ಮಹಿಳೆಯ ಹೆಸರು ಕೇಳಿದವರು ಕಡಿಮೆ. ಅವರೇ ಮರಿಯಾ ಬ್ಯೋರ್ನ್‌ಸನ್. ಫ್ಯಾಂಟಮ್‌ನ ರಂಗಸಜ್ಜಿಕೆ ಮತ್ತು ವಸ್ತ್ರವಿನ್ಯಾಸ ಎರಡೂ ಅವರದ್ದೇ. 53ನೇ ವಯಸ್ಸಿನಲ್ಲಿ ತೀರಿಕೊಂಡ ಈ ವಿನ್ಯಾಸಕಿಯ ಬದುಕು ಮತ್ತು ಕೆಲಸದ ಬಗ್ಗೆ ಇಲ್ಲಿದೆ ಮಾಹಿತಿ. ರಂಗ ವಿನ್ಯಾಸ ಎಂಬ ವೃತ್ತಿ ಹೇಗೆ ನಡೆಯುತ್ತದೆ, ಕಲಾವಿದ ಇಲ್ಲವಾದ ಮೇಲೆ ಆ ಕೆಲಸ ಏನಾಗುತ್ತದೆ ಎಂಬುದೂ ಇದರಿಂದ ಗೊತ್ತಾಗುತ್ತದೆ.

ರಂಗ ವಿನ್ಯಾಸಕರು ಮಾಡುವುದೇನು?

ಮೊದಲು ಈ ಕೆಲಸ ಏನೆಂದು ನೋಡೋಣ. ಸೆಟ್ ಎಂದರೆ ಹಿಂದೆ ಕಟ್ಟುವ ಪರದೆ, ವಸ್ತ್ರವಿನ್ಯಾಸ ಎಂದರೆ ನಟರಿಗೆ ಬಟ್ಟೆ ಹೊಲಿಸುವುದು ಎಂಬ ಅಭಿಪ್ರಾಯ ಸಾಮಾನ್ಯ. ವಾಸ್ತವದಲ್ಲಿ ವಿನ್ಯಾಸಕರ ಕೆಲಸ ತಾಲೀಮು ಶುರುವಾಗುವುದಕ್ಕೆ ತಿಂಗಳುಗಳ ಮೊದಲೇ ಆರಂಭವಾಗುತ್ತದೆ. ನಿರ್ದೇಶಕರ ಜತೆ ಕೂತು ನಾಟಕ ಓದಿ, ಕಥೆ ಯಾವ ಕಾಲದಲ್ಲಿ, ಎಂಥ ಜಾಗದಲ್ಲಿ ನಡೆಯಬೇಕು ಎಂದು ತೀರ್ಮಾನಿಸಬೇಕು. ಬಳಿಕ ವೇದಿಕೆಯ ಪುಟ್ಟ ಮಾದರಿ ಕಟ್ಟಬೇಕು. ಬ್ರಿಟನ್‌ನಲ್ಲಿ ಸಾಮಾನ್ಯವಾಗಿ ಇದು 1:25 ಅಳತೆಯಲ್ಲಿರುತ್ತದೆ. ಅಂದರೆ ವೇದಿಕೆಯ ಮೇಲಿನ ಒಂದು ಮೀಟರ್, ಮಾದರಿಯಲ್ಲಿ ನಾಲ್ಕು ಸೆಂಟಿಮೀಟರ್. ಬಡಗಿಗಳು, ಬಣ್ಣದವರು, ಬೆಳಕಿನ ವಿನ್ಯಾಸಕರು ಎಲ್ಲರೂ ಕೆಲಸ ಶುರು ಮಾಡುವುದು ಈ ಮಾದರಿಯನ್ನು ನೋಡಿಯೇ.

ವಸ್ತ್ರಗಳ ವಿಷಯದಲ್ಲೂ ಅಷ್ಟೆ. ಪ್ರತಿ ಪಾತ್ರಕ್ಕೂ ಚಿತ್ರ ಬರೆದು, ಬಟ್ಟೆಯ ತುಂಡುಗಳನ್ನು ಆರಿಸಿ, ಬಣ್ಣ ಹಾಕಿಸಿ, ನಟರಿಗೆ ತೊಡಿಸಿ ಅಳತೆ ನೋಡಬೇಕು. ಒಪೆರಾದಲ್ಲಿ ಇದು ಇನ್ನೂ ಕಷ್ಟ. ಒಪೆರಾ ಬಹುತೇಕ ಹಾಡಿನಲ್ಲೇ ಸಾಗುವ ನಾಟಕ, ಗಾಯಕರು ಸಾಮಾನ್ಯವಾಗಿ ಮೈಕ್ ಇಲ್ಲದೆ ಹಾಡುತ್ತಾರೆ. ಉಸಿರೆಳೆದಾಗ ಎದೆಗೂಡು ಹಿಗ್ಗಲು ಉಡುಪಿನಲ್ಲಿ ಜಾಗ ಇರಬೇಕು. ಟೋಪಿ, ವಿಗ್ ಕಿವಿ ಮುಚ್ಚಿದರೆ ವಾದ್ಯವೃಂದ ಕೇಳಿಸದು. ವೇದಿಕೆಯ ತುಂಬ ದಪ್ಪ ಬಟ್ಟೆ ಇದ್ದರೆ ಅದು ದನಿಯನ್ನೇ ನುಂಗಿಬಿಡುತ್ತದೆ. ಒಂದೇ ಪಾತ್ರವನ್ನು ಮುಂದಿನ ವರ್ಷ ಬೇರೊಬ್ಬ ಗಾಯಕಿ ಮಾಡಬಹುದು. ಹಾಗಾಗಿ ಬಿಚ್ಚಿ ಅಗಲ ಮಾಡಲು ಹೊಲಿಗೆಯ ಒಳಗೆ ಹೆಚ್ಚುವರಿ ಬಟ್ಟೆ ಬಿಡಬೇಕು. ಕಣ್ಣಿಗೆ ಚೆಂದ ಕಂಡರಷ್ಟೇ ಸಾಲದು, ಹಾಡಲು ಬರಬೇಕು.

ಪ್ಯಾರಿಸ್‌ನಲ್ಲಿ ಜನನ, ಲಂಡನ್‌ನಲ್ಲಿ ಬಾಲ್ಯ

ಮರಿಯಾ ಹುಟ್ಟಿದ್ದು 1949ರ ಫೆಬ್ರವರಿ 16ರಂದು ಪ್ಯಾರಿಸ್‌ನಲ್ಲಿ. ತಾಯಿ ರೊಮೇನಿಯಾದವರು, ತಂದೆ ನಾರ್ವೆಯವರು. ನಾರ್ವೆಯ ಖ್ಯಾತ ನಾಟಕಕಾರ, 1903ರ ಸಾಹಿತ್ಯ ನೊಬೆಲ್ ಪ್ರಶಸ್ತಿ ಪಡೆದ ಬ್ಯೋರ್ನ್‌ಸ್ಟ್ಯೆರ್ನೆ ಬ್ಯೋರ್ನ್‌ಸನ್ ಅವರ ವಂಶಕ್ಕೆ ಸೇರಿದವರು ಮರಿಯಾ. ಆದರೆ ಅವರನ್ನು ಬೆಳೆಸಿದ್ದು ತಾಯಿ ಒಬ್ಬರೇ, ಲಂಡನ್‌ನಲ್ಲಿ.

ಬೈಯಮ್ ಶಾ ಕಲಾಶಾಲೆಯಲ್ಲಿ ಚಿತ್ರಕಲೆ ಕಲಿತ ಬಳಿಕ ಅವರು ಸೆಂಟ್ರಲ್ ಸ್ಕೂಲ್ ಆಫ್ ಆರ್ಟ್ ಅಂಡ್ ಡಿಸೈನ್ ಸೇರಿದರು. ಅಲ್ಲಿ ರಂಗ ವಿನ್ಯಾಸ ಕಲಿಸುತ್ತಿದ್ದವರು ರಾಲ್ಫ್ ಕೋಲ್ಟಾಯ್. ಮನೆಯನ್ನು ಮನೆಯಂತೆ, ಕಾಡನ್ನು ಕಾಡಿನಂತೆ ವೇದಿಕೆಯ ಮೇಲೆ ನಕಲು ಮಾಡಬೇಕಿಲ್ಲ ಎಂಬುದು ಅವರ ಪಂಥ. ಲೋಹ, ಪ್ಲಾಸ್ಟಿಕ್, ಗಾಜಿನಂಥ ವಸ್ತುಗಳಿಂದ ಶಿಲ್ಪದಂಥ ಸೆಟ್ ಕಟ್ಟುವುದಕ್ಕೆ ಅವರು ಹೆಸರಾಗಿದ್ದರು. ಮುಂದೆ ಬ್ರಿಟಿಷ್ ರಂಗಭೂಮಿಯಲ್ಲಿ ಹೆಸರು ಮಾಡಿದ ಹಲವು ವಿನ್ಯಾಸಕರು ಇದೇ ಗರಡಿಯಲ್ಲಿ ಪಳಗಿದವರು.

50 ಪೆನ್ಸ್ ಟಿಕೆಟ್‌ನ ನಾಟಕಶಾಲೆಯಲ್ಲಿ ಮೊದಲ ಪಾಠ

ಓದು ಮುಗಿಸಿದ ಮರಿಯಾ 1970ರ ದಶಕದ ಆರಂಭದಲ್ಲಿ ಕೆಲಸಕ್ಕೆ ಹೋಗಿದ್ದು ಸ್ಕಾಟ್ಲೆಂಡ್‌ನ ಗ್ಲಾಸ್ಗೋ ನಗರಕ್ಕೆ. ಬಡವರೇ ಹೆಚ್ಚಾಗಿದ್ದ ಗಾರ್ಬಲ್ಸ್ ಪ್ರದೇಶದಲ್ಲಿದ್ದ ಸಿಟಿಜನ್ಸ್ ಥಿಯೇಟರ್ ಆಗ ಇಡೀ ದೇಶದ ಗಮನ ಸೆಳೆದಿತ್ತು. ಎಲ್ಲ ಸೀಟುಗಳಿಗೂ ಒಂದೇ ದರ, 50 ಪೆನ್ಸ್ ಎಂಬ ವ್ಯವಸ್ಥೆಯನ್ನು ಅದು ಜಾರಿಗೆ ತಂದಿತ್ತು. ನಿರ್ದೇಶಕ ಮತ್ತು ವಿನ್ಯಾಸಕ ಎರಡೂ ಆಗಿದ್ದ ಫಿಲಿಪ್ ಪ್ರೌಸ್ ಅಲ್ಲಿನ ಮುಖ್ಯಸ್ಥರಲ್ಲಿ ಒಬ್ಬರು. ಮರಿಯಾ ಜತೆ ಅಲ್ಲಿ ಕೆಲಸ ಮಾಡಿದವರಲ್ಲಿ ಸೂ ಬ್ಲೇನ್ ಕೂಡ ಇದ್ದರು. ಮುಂದೆ ‘ದಿ ರಾಕಿ ಹಾರರ್ ಶೋ’ ವಸ್ತ್ರವಿನ್ಯಾಸದಿಂದ ಪ್ರಸಿದ್ಧರಾದವರು ಇವರೇ.

ಟಿಕೆಟ್ ದರ ಅಷ್ಟು ಕಡಿಮೆ ಇದ್ದ ಮೇಲೆ ಸೆಟ್‌ಗೆ ಸಿಗುವ ಹಣವೂ ಕಡಿಮೆ. ಒಂದಾದ ಮೇಲೊಂದು ನಾಟಕ ಏರುತ್ತಿತ್ತು. ಕಡಿಮೆ ಖರ್ಚಿನಲ್ಲಿ ವೈಭವ ತೋರಿಸಬೇಕು, ನೋಡುವವರಿಗೆ ಬಡತನ ಕಾಣಬಾರದು. ಈ ಪಾಠ ಮುಂದೆ ಜಗತ್ತಿನ ಅತಿ ಶ್ರೀಮಂತ ನಾಟಕ ಎನಿಸಿಕೊಂಡ ಫ್ಯಾಂಟಮ್‌ನಲ್ಲೂ ಕೆಲಸಕ್ಕೆ ಬಂತು. ಹೇಗೆ ಎಂಬುದನ್ನು ಮುಂದೆ ನೋಡೋಣ.

ಒಪೆರಾದಲ್ಲಿ ಹೆಸರು ತಂದ ಯಾನಾಚೆಕ್ ಸರಣಿ

ನಿರ್ದೇಶಕ ಡೇವಿಡ್ ಪೌಂಟ್ನಿ ಜತೆಗಿನ ಕೆಲಸ ಮರಿಯಾ ಅವರನ್ನು ಒಪೆರಾ ಲೋಕದಲ್ಲಿ ಗಟ್ಟಿಯಾಗಿ ನಿಲ್ಲಿಸಿತು. ಜೆಕ್ ಸಂಯೋಜಕ ಲಿಯೋಶ್ ಯಾನಾಚೆಕ್ ಅವರ ಒಪೆರಾಗಳ ಸರಣಿಯನ್ನು ವೆಲ್ಷ್ ನ್ಯಾಷನಲ್ ಒಪೆರಾ ಮತ್ತು ಸ್ಕಾಟಿಷ್ ಒಪೆರಾ ಒಟ್ಟಾಗಿ ಕೈಗೆತ್ತಿಕೊಂಡವು. 1975ರಲ್ಲಿ ‘ಯೆನೂಫಾ’ದಿಂದ ಸರಣಿ ಶುರುವಾಯಿತು. 1980ರಲ್ಲಿ ‘ದಿ ಕನಿಂಗ್ ಲಿಟಲ್ ವಿಕ್ಸನ್’, 1982ರಲ್ಲಿ ‘ಫ್ರಮ್ ದ ಹೌಸ್ ಆಫ್ ದ ಡೆಡ್’ ಬಂದವು.

ಎರಡು ಸಂಸ್ಥೆಗಳು ಸೇರಿ ಮಾಡುವುದೆಂದರೆ ಖರ್ಚು ಹಂಚಿಕೆಯಾಗುತ್ತದೆ. ಆದರೆ ಒಂದೇ ಸೆಟ್ ಬೇರೆ ಬೇರೆ ಊರಿನ, ಬೇರೆ ಬೇರೆ ಅಳತೆಯ ವೇದಿಕೆಗಳಿಗೆ ಹೊಂದಬೇಕು. ಲಾರಿಯಲ್ಲಿ ಹೋಗಬೇಕು, ಬೇಗ ಕಟ್ಟಬೇಕು, ಬೇಗ ಬಿಚ್ಚಬೇಕು. ‘ವಿಕ್ಸನ್’ ಹೆಣ್ಣು ನರಿಯೊಂದರ ಕಥೆ. ಪ್ರಾಣಿಗಳು, ಕೀಟಗಳು, ಮನುಷ್ಯರು ಎಲ್ಲರೂ ಅದರಲ್ಲಿ ಹಾಡುತ್ತಾರೆ. ಇದಕ್ಕೆ ಮರಿಯಾ ಏರಿಳಿತದ ಗುಡ್ಡಗಳ ಸೆಟ್ ಮಾಡಿದರು. ಇದು ಎಷ್ಟು ಬಾಳಿಕೆ ಬಂತೆಂದರೆ ಸುಮಾರು 40 ವರ್ಷಗಳ ನಂತರ, 2019ರಲ್ಲೂ ವೆಲ್ಷ್ ನ್ಯಾಷನಲ್ ಒಪೆರಾ ಅದೇ ನಿರ್ಮಾಣವನ್ನು ಮತ್ತೆ ವೇದಿಕೆಗೆ ತಂದಿತು.

ಇದರ ನಡುವೆಯೇ ರಾಯಲ್ ಶೇಕ್ಸ್‌ಪಿಯರ್ ಕಂಪನಿಗೂ ಅವರು ಕೆಲಸ ಮಾಡಿದರು. ನಿರ್ದೇಶಕ ರಾನ್ ಡೇನಿಯಲ್ಸ್ ಅವರ 1981ರ ‘ಎ ಮಿಡ್‌ಸಮ್ಮರ್ ನೈಟ್ಸ್ ಡ್ರೀಮ್’ನಲ್ಲಿ ಯಕ್ಷಿಣಿಯರ ಬದಲು ಗೊಂಬೆಗಳು ಬಂದವು. 1982ರ ‘ದಿ ಟೆಂಪೆಸ್ಟ್’ ನಾಟಕ ಒಡೆದ ಹಡಗಿನ ಅವಶೇಷದ ಮೇಲೆ ನಡೆಯಿತು. ಲಂಡನ್‌ನ ರಾಯಲ್ ಒಪೆರಾ ಹೌಸ್‌ನಲ್ಲಿ ಜಾನ್ ಶ್ಲೆಸಿಂಜರ್ ನಿರ್ದೇಶಿಸಿದ ‘ದಿ ಟೇಲ್ಸ್ ಆಫ್ ಹಾಫ್‌ಮನ್’ (1980) ಮತ್ತು ‘ಡೆರ್ ರೋಸೆನ್‌ಕವಲಿಯರ್’ (1984) ಒಪೆರಾಗಳಿಗೆ ಅವರದ್ದು ವಸ್ತ್ರವಿನ್ಯಾಸ ಮಾತ್ರ. ಸೆಟ್ ವಿಲಿಯಂ ಡಡ್ಲಿ ಅವರದ್ದು. ಅಂದರೆ ಫ್ಯಾಂಟಮ್ ಕೈಗೆ ಬರುವ ಹೊತ್ತಿಗೆ ಅವರ ಬೆನ್ನ ಹಿಂದೆ ಹದಿನೈದು ವರ್ಷಗಳ ದುಡಿಮೆ ಇತ್ತು.

ಫ್ಯಾಂಟಮ್: ಕತ್ತಲೆಯಿಂದ ಕಟ್ಟಿದ ಅರಮನೆ

ಗ್ಯಾಸ್ಟನ್ ಲೆರೂ ಅವರ 1910ರ ಫ್ರೆಂಚ್ ಕಾದಂಬರಿ ಈ ನಾಟಕದ ಮೂಲ. ಪ್ಯಾರಿಸ್ ಒಪೆರಾದ ನೆಲಮಾಳಿಗೆಯಲ್ಲಿ ಅಡಗಿರುವ, ವಿಕಾರ ಮುಖದ ಸಂಗೀತಗಾರನೊಬ್ಬನ ಕಥೆ. 1875ರಲ್ಲಿ ತೆರೆದ ಆ ಒಪೆರಾ ಭವನದ ಅಡಿಯಲ್ಲಿ ನಿಜಕ್ಕೂ ನೀರಿನ ದೊಡ್ಡ ತೊಟ್ಟಿ ಇದೆ. 1896ರಲ್ಲಿ ಅಲ್ಲಿನ ತೂಗುದೀಪಕ್ಕೆ ಸಮತೂಕಕ್ಕೆಂದು ಕಟ್ಟಿದ್ದ ಭಾರ ಕಳಚಿ ಬಿದ್ದು ಮಹಿಳೆಯೊಬ್ಬರು ಸತ್ತಿದ್ದೂ ನಿಜ. ಲೆರೂ ಇವೆರಡನ್ನೂ ಕಥೆಗೆ ಬಳಸಿಕೊಂಡರು.

ಲಂಡನ್‌ನ ಹರ್ ಮೆಜೆಸ್ಟೀಸ್ ಥಿಯೇಟರ್‌ನಲ್ಲಿ 1986ರ ಅಕ್ಟೋಬರ್ 9ರಂದು ನಾಟಕ ತೆರೆ ಕಂಡಿತು. ಇಡೀ ಒಪೆರಾ ಭವನವನ್ನು ವೇದಿಕೆಯ ಮೇಲೆ ಕಟ್ಟಲು ಆಗುವುದಿಲ್ಲ. ಮೇಲ್ಛಾವಣಿ, ಮೆಟ್ಟಿಲು, ನೆಲಮಾಳಿಗೆ, ಸ್ಮಶಾನ ಎಲ್ಲವೂ ಕಣ್ಣು ಮಿಟುಕಿಸುವಷ್ಟರಲ್ಲಿ ಬದಲಾಗಬೇಕು. ಮರಿಯಾ ಕಂಡುಕೊಂಡ ದಾರಿ ಸರಳವಾಗಿತ್ತು. ವೇದಿಕೆ ಮೂಲತಃ ಒಂದು ಕಪ್ಪು ಪೆಟ್ಟಿಗೆ. ಸುತ್ತಲೂ ಚಿನ್ನದ ಬಣ್ಣದ ಶಿಲ್ಪಗಳ ಚೌಕಟ್ಟು. ನಡುವೆ ಏರುವ, ಇಳಿಯುವ, ಸರಿಯುವ ಭಾರೀ ಪರದೆಗಳು. ಒಂದೊಂದು ದೃಶ್ಯದಲ್ಲಿ ಇರುವುದು ಕೆಲವೇ ವಸ್ತುಗಳು: ಒಂದು ಕನ್ನಡಿ, ಒಂದು ಮೇಜು, ಒಂದು ದೋಣಿ. ಉಳಿದದ್ದೆಲ್ಲ ಕತ್ತಲೆ. ಅದನ್ನು ಪ್ರೇಕ್ಷಕರು ತಮ್ಮ ಕಲ್ಪನೆಯಿಂದ ತುಂಬಿಕೊಳ್ಳುತ್ತಾರೆ.

ಎರಡನೇ ಅಂಕದ ‘ಮ್ಯಾಸ್ಕರೇಡ್’ ದೃಶ್ಯ ಇದಕ್ಕೆ ಒಳ್ಳೆಯ ಉದಾಹರಣೆ. ದೊಡ್ಡ ಮೆಟ್ಟಿಲ ಮೇಲೆ ಬಣ್ಣ ಬಣ್ಣದ ವೇಷದ ಜನಜಂಗುಳಿ ಕಾಣುತ್ತದೆ. ಆದರೆ ಅಲ್ಲಿರುವವರಲ್ಲಿ ಎಲ್ಲರೂ ನಟರಲ್ಲ, ನಡುವೆ ವೇಷ ತೊಡಿಸಿದ ಗೊಂಬೆಗಳೂ ಇವೆ! ಕಡಿಮೆ ಖರ್ಚಿನಲ್ಲಿ ವೈಭವ ಎಂಬ ಗ್ಲಾಸ್ಗೋ ಪಾಠ ಎಂದರೆ ಇದೇ.

ನಾಟಕದೊಳಗೆ ಮೂರು ಕಾಲ್ಪನಿಕ ಒಪೆರಾಗಳಿವೆ. ಮೂರಕ್ಕೂ ಬೇರೆ ಬೇರೆ ಶೈಲಿಯ ಸೆಟ್ ಮತ್ತು ಉಡುಪು ಬೇಕಿತ್ತು. ‘ಹ್ಯಾನಿಬಲ್’ ದೃಶ್ಯಕ್ಕೆ ಆನೆಯೂ ಬರುತ್ತದೆ. ಗುಬ್ಬಿ ಕಂಪನಿಯ ‘ಕುರುಕ್ಷೇತ್ರ’ದಲ್ಲಿ ವೇದಿಕೆಗೆ ನಿಜವಾದ ಆನೆಯನ್ನೇ ತಂದಿದ್ದರು ಎಂದು ಹಿರಿಯರಿಂದ ಕೇಳಿದವರಿಗೆ ಇದು ತಮಾಷೆ ಎನಿಸಬಹುದು. ಇಲ್ಲಿನದು ನಕಲಿ ಆನೆ, ಮತ್ತು ಅದು ನಕಲಿ ಎಂಬುದನ್ನು ನಾಟಕ ಮುಚ್ಚಿಡುವುದೂ ಇಲ್ಲ. ಹಳೆಯ ಕಾಲದ ಒಪೆರಾ ಆಡಂಬರವನ್ನು ನಗುತ್ತಲೇ ತೋರಿಸುವ ದೃಶ್ಯ ಅದು.

ಅರ್ಧ ಮುಖವಾಡ ಏಕೆ?

ಕಾದಂಬರಿಯ ಫ್ಯಾಂಟಮ್ ಇಡೀ ಮುಖ ಮುಚ್ಚಿಕೊಳ್ಳುತ್ತಾನೆ. ನಾಟಕದ ಜಾಹೀರಾತಿನಲ್ಲೂ ಪೂರ್ಣ ಮುಖವಾಡವೇ ಇದೆ. ಆದರೆ ರಾತ್ರಿ ರಾತ್ರಿ ಹಾಡಬೇಕಾದ ನಟನಿಗೆ ಬಾಯಿ ಮುಚ್ಚಿದರೆ ಆಗದು. ಮುಖಭಾವವೂ ಕಾಣಬೇಕು. ಹಾಗಾಗಿ ಮರಿಯಾ ಮುಖವನ್ನು ಉದ್ದಕ್ಕೆ ಅರ್ಧ ಮಾಡಿದರು. ಒಂದು ಬದಿಯಲ್ಲಿ ಬಿಳಿ ಮುಖವಾಡ, ಇನ್ನೊಂದು ಬದಿಯಲ್ಲಿ ಸುಂದರ ಪುರುಷ. ಹಾಡುವ ಅನುಕೂಲಕ್ಕೆ ಮಾಡಿದ ಈ ಬದಲಾವಣೆ ಪಾತ್ರದ ಇಬ್ಬಂದಿತನವನ್ನೇ ಹೇಳುವಂತಾಯಿತು. ಇಂದು ಫ್ಯಾಂಟಮ್ ಎಂದರೆ ಜನರಿಗೆ ನೆನಪಾಗುವುದು ಈ ಅರ್ಧ ಮುಖವಾಡವೇ.

ಭಾರತದ ಮಣಿಗಳು ಮತ್ತು ಕೆಲವು ಅಂಕಿಅಂಶ

ನಾಟಕ ತಂಡವೇ ಪ್ರಕಟಿಸಿರುವ ಮಾಹಿತಿ ಪ್ರಕಾರ ಲಂಡನ್ ಪ್ರದರ್ಶನಕ್ಕೆ ಬೇಕಿದ್ದ ಸಾಮಗ್ರಿ ಹೀಗಿದೆ:

- ಪರದೆಗಳಿಗೆ 2,230 ಮೀಟರ್ ಬಟ್ಟೆ. ಇದರಲ್ಲಿ 900 ಮೀಟರ್‌ಗೆ ವಿಶೇಷವಾಗಿ ಬಣ್ಣ ಹಾಕಿಸಲಾಗಿತ್ತು
- ಪರದೆಗಳ ಅಂಚಿಗೆ 226 ಮೀಟರ್ ಉದ್ದದ ಕುಚ್ಚು. ಅದರಲ್ಲಿ ಪೋಣಿಸಿದ 5,000 ಮರದ ಮಣಿಗಳು ಭಾರತದಿಂದ ತರಿಸಿದವು
- ತೂಗುದೀಪದಲ್ಲಿ 6,000 ಮಣಿಗಳು, ತೂಕ ಸುಮಾರು ಒಂದು ಟನ್
- 230 ಉಡುಪುಗಳು, ತೊಡಿಸಲು 14 ಸಹಾಯಕರು
- 281 ಮೇಣದಬತ್ತಿಗಳು, 22 ದೃಶ್ಯ ಬದಲಾವಣೆಗಳು

1988ರ ಜನವರಿ 26ರಂದು ನಾಟಕ ನ್ಯೂಯಾರ್ಕ್‌ನ ಬ್ರಾಡ್‌ವೇಗೆ ಬಂತು. ಅದೇ ವರ್ಷ ಮರಿಯಾ ಎರಡು ಟೋನಿ ಪ್ರಶಸ್ತಿ ಪಡೆದರು. ಒಂದು ರಂಗಸಜ್ಜಿಕೆಗೆ, ಇನ್ನೊಂದು ವಸ್ತ್ರವಿನ್ಯಾಸಕ್ಕೆ.

ಗೆದ್ದ ಮೇಲೂ ಒಪೆರಾಗೆ ಮರಳಿದರು

ಇಷ್ಟು ದೊಡ್ಡ ಯಶಸ್ಸಿನ ಬಳಿಕ ಸಂಗೀತ ನಾಟಕಗಳನ್ನೇ ಒಂದರ ಹಿಂದೆ ಒಂದು ಮಾಡಿಕೊಂಡಿರಬಹುದಿತ್ತು. 1989ರಲ್ಲಿ ಲಾಯ್ಡ್ ವೆಬ್ಬರ್ ಅವರ ‘ಆಸ್ಪೆಕ್ಟ್ಸ್ ಆಫ್ ಲವ್’ ಮಾಡಿದರು, ನಿಜ. ಆದರೆ ಮುಖ್ಯವಾಗಿ ಮರಳಿದ್ದು ಒಪೆರಾ ಕಡೆಗೆ. 1991ರಲ್ಲಿ ಗ್ಲೈಂಡ್‌ಬೋರ್ನ್‌ನಲ್ಲಿ ಟ್ರೆವರ್ ನನ್ ನಿರ್ದೇಶನದ ಮೊಜಾರ್ಟ್‌ನ ‘ಕೋಸಿ ಫಾನ್ ತುತ್ತೆ’ಯನ್ನು ಪ್ರಯಾಣಿಕರ ಹಡಗಿನ ಮೇಲೆ ನಡೆಸಿದರು. 1997ರಲ್ಲಿ ಇಟಲಿಯ ಲಾ ಸ್ಕಾಲಾದಲ್ಲಿ ಗ್ರಹಾಂ ವಿಕ್ ನಿರ್ದೇಶಿಸಿದ ವೆರ್ಡಿಯ ‘ಮ್ಯಾಕ್‌ಬೆತ್’ಗೆ ಬೃಹತ್ ಘನಾಕೃತಿಯೊಂದೇ ಸೆಟ್ ಆಯಿತು.

ಎಲ್ಲವೂ ಮೆಚ್ಚುಗೆ ಪಡೆಯಲಿಲ್ಲ. 1994ರಲ್ಲಿ ರಾಯಲ್ ಬ್ಯಾಲೆಗೆ ಮಾಡಿದ ‘ದಿ ಸ್ಲೀಪಿಂಗ್ ಬ್ಯೂಟಿ’ಯ ಓರೆಯಾದ, ಭಾರೀ ಸೆಟ್ ನರ್ತಕರನ್ನೇ ಮರೆಮಾಡುತ್ತದೆ ಎಂಬ ಟೀಕೆ ಬಂತು. ಒಂದು ದಶಕ ಕಳೆಯುವ ಮೊದಲೇ ಅದರ ಜಾಗಕ್ಕೆ ಹೊಸ ನಿರ್ಮಾಣ ಬಂತು. ಗಾಯಕರು ನಿಂತು ಹಾಡಬಲ್ಲರು, ಆದರೆ ನರ್ತಕರಿಗೆ ಖಾಲಿ ನೆಲ ಬೇಕು. ಒಪೆರಾದಲ್ಲಿ ಗೆದ್ದ ವಿಧಾನ ಬ್ಯಾಲೆಯಲ್ಲೂ ಗೆಲ್ಲಬೇಕೆಂದೇನಿಲ್ಲ.

2002ರ ಆರಂಭದಲ್ಲಿ ರಾಯಲ್ ಒಪೆರಾ ಹೌಸ್‌ಗೆ ಫ್ರಾನ್ಸೆಸ್ಕಾ ಜಾಂಬೆಲ್ಲೊ ನಿರ್ದೇಶನದ ‘ಡಾನ್ ಜೊವಾನಿ’ ಮಾಡಿಕೊಟ್ಟರು. ಅದೇ ನಿರ್ದೇಶಕಿಯ ಜತೆ ನ್ಯೂಯಾರ್ಕ್‌ನ ಮೆಟ್ರೊಪಾಲಿಟನ್ ಒಪೆರಾಗಾಗಿ ‘ಲೆ ಟ್ರೊಯಾನ್’ ಕೆಲಸ ನಡೆಯುತ್ತಿತ್ತು. 2002ರ ಡಿಸೆಂಬರ್ 13ರಂದು ಮರಿಯಾ ಲಂಡನ್‌ನ ತಮ್ಮ ಮನೆಯಲ್ಲಿ ಹಠಾತ್ತನೆ ತೀರಿಕೊಂಡರು. ಕೆಲವೇ ವಾರಗಳ ನಂತರ, 2003ರಲ್ಲಿ ಅವರ ಸೆಟ್‌ನ ಮೇಲೆ ‘ಲೆ ಟ್ರೊಯಾನ್’ ತೆರೆ ಕಂಡಿತು. ಅದನ್ನು ನೋಡಲು ಅವರು ಇರಲಿಲ್ಲ.

ವಿನ್ಯಾಸಕಿ ಇಲ್ಲದ ಮೇಲೆ ವಿನ್ಯಾಸ ಯಾರದ್ದು?

ಚಿತ್ರಕಾರ ಸತ್ತರೆ ಚಿತ್ರ ಗೋಡೆಯ ಮೇಲೆ ಉಳಿಯುತ್ತದೆ. ರಂಗ ವಿನ್ಯಾಸ ಹಾಗಲ್ಲ. ಅದು ಪ್ರತಿ ಊರಿನಲ್ಲೂ ಹೊಸದಾಗಿ ಕಟ್ಟಬೇಕಾದದ್ದು. ಬಟ್ಟೆ ಹರಿಯುತ್ತದೆ, ಬಣ್ಣ ಮಾಸುತ್ತದೆ, ಹೊಸ ನಟನಿಗೆ ಹೊಸ ಅಳತೆ ಬೇಕು. ಪ್ರತಿ ಸಲವೂ ಯಾರೋ ಒಬ್ಬರು ಮೂಲ ಚಿತ್ರಗಳನ್ನು ಎದುರಿಗಿಟ್ಟುಕೊಂಡು ಮರಳಿ ಮಾಡಬೇಕು. ಹೀಗಾಗಿ ಬದಲಾವಣೆಗೆ ಯಾವಾಗಲೂ ಅವಕಾಶ ಇದ್ದೇ ಇರುತ್ತದೆ.

ಫ್ಯಾಂಟಮ್ ವಿಷಯದಲ್ಲೂ ಇದೇ ಆಯಿತು. 2012ರಲ್ಲಿ ಬ್ರಿಟನ್ ಪ್ರವಾಸಕ್ಕೆ ಹೊರಟ ಹೊಸ ನಿರ್ಮಾಣಕ್ಕೆ ಪಾಲ್ ಬ್ರೌನ್ ಬೇರೆಯೇ ಸೆಟ್ ಮಾಡಿದರು. ಆದರೆ ಉಡುಪುಗಳು ಮರಿಯಾ ಅವರದ್ದೇ ಉಳಿದವು. ಲಂಡನ್‌ನಲ್ಲಿ 2020ರ ಮಾರ್ಚ್‌ನಲ್ಲಿ ಕೋವಿಡ್‌ನಿಂದ ಪ್ರದರ್ಶನ ನಿಂತಿತು. 2021ರ ಜುಲೈ 27ರಂದು ಮತ್ತೆ ತೆರೆದಾಗ ಪರಿಷ್ಕೃತ ಸೆಟ್ ಇತ್ತು. ವಾದ್ಯವೃಂದ 27ರಿಂದ 14 ಮಂದಿಗೆ ಇಳಿದಿತ್ತು. ಮೂಲ ರೂಪ ಕಳೆದುಹೋಯಿತು ಎಂದು ಹಳೆಯ ಅಭಿಮಾನಿಗಳು ಬೇಸರಪಟ್ಟರು. ಆದರೆ ಇಷ್ಟು ದೊಡ್ಡ ನಾಟಕವನ್ನು ನಡೆಸುವ ವಾರದ ಖರ್ಚೂ ದೊಡ್ಡದೇ. ಬ್ರಾಡ್‌ವೇ ಪ್ರದರ್ಶನ ಮೂಲ ವಿನ್ಯಾಸವನ್ನು ಕೊನೆಯವರೆಗೂ ಉಳಿಸಿಕೊಂಡಿತು. ಆದರೆ 13,981 ಪ್ರದರ್ಶನಗಳ ನಂತರ 2023ರ ಏಪ್ರಿಲ್ 16ರಂದು ಅದೇ ಮುಚ್ಚಿತು. ಬದಲಾದದ್ದು ಇಂದಿಗೂ ನಡೆಯುತ್ತಿದೆ, ಬದಲಾಗದ್ದು ನಿಂತಿದೆ. ಯಾವುದು ಸರಿ ಎಂದು ಸುಲಭವಾಗಿ ಹೇಳಲು ಆಗುವುದಿಲ್ಲ.

ಇಲ್ಲಿ ಗಮನಿಸಬೇಕಾದ್ದು ಒಂದಿದೆ. ಸೆಟ್ ಹಗುರವಾಯಿತು, ಶಿಲ್ಪಗಳು ಕಡಿಮೆಯಾದವು. ಆದರೆ ತೂಗುದೀಪ, ಮೇಣದಬತ್ತಿ, ಮುಖವಾಡ ಈ ಮೂರನ್ನು ಬಿಡುವ ಧೈರ್ಯ ಯಾರೂ ಮಾಡಿಲ್ಲ. ಮುಂಬೈ ಪ್ರೇಕ್ಷಕರು ಕಂಡಿದ್ದೂ ಅವನ್ನೇ.

ಲಂಡನ್‌ನ ಯಂಗ್ ವಿಕ್ ರಂಗಮಂದಿರ 2006ರಲ್ಲಿ ನವೀಕರಣಗೊಂಡು ತೆರೆದಾಗ ಅದರ ಒಂದು ಪುಟ್ಟ ವೇದಿಕೆಗೆ ‘ದಿ ಮರಿಯಾ’ ಎಂದು ಹೆಸರಿಟ್ಟರು. ಹೊಸ ನಿರ್ದೇಶಕರು, ಹೊಸ ವಿನ್ಯಾಸಕರು ಸಣ್ಣ ಬಜೆಟ್‌ನಲ್ಲಿ ನಾಟಕ ಕಟ್ಟುವ ಜಾಗ ಅದು. ಗ್ಲಾಸ್ಗೋದಲ್ಲಿ ಅವರು ಶುರು ಮಾಡಿದ್ದೂ ಇಂಥದ್ದೇ ಜಾಗದಲ್ಲಿ. ಮುಂದಿನ ಸಲ ಮುಂಬೈನಲ್ಲೋ, ದೆಹಲಿಯಲ್ಲೋ, ನಿಮ್ಮೂರಿನ ಕನ್ನಡ ಸಂಘದ ವೇದಿಕೆಯಲ್ಲೋ ನಾಟಕ ನೋಡಲು ಹೋದಾಗ ಕರಪತ್ರದಲ್ಲಿ ‘ರಂಗಸಜ್ಜಿಕೆ’, ‘ವಸ್ತ್ರವಿನ್ಯಾಸ’ ಎಂಬ ಸಾಲುಗಳ ಮುಂದೆ ಯಾರ ಹೆಸರಿದೆ ಎಂದು ಒಮ್ಮೆ ನೋಡಿ.

ಮರಿಯಾ ಬ್ಯೋರ್ನ್‌ಸನ್: ಒಂದು ನೋಟ

- 1949: ಪ್ಯಾರಿಸ್‌ನಲ್ಲಿ ಜನನ
- 1970ರ ದಶಕದ ಆರಂಭ: ಗ್ಲಾಸ್ಗೋ ಸಿಟಿಜನ್ಸ್ ಥಿಯೇಟರ್‌ನಲ್ಲಿ ಕೆಲಸ
- 1975: ‘ಯೆನೂಫಾ’ ಮೂಲಕ ಯಾನಾಚೆಕ್ ಸರಣಿ ಆರಂಭ
- 1981-82: ರಾಯಲ್ ಶೇಕ್ಸ್‌ಪಿಯರ್ ಕಂಪನಿಗೆ ಎರಡು ನಾಟಕ
- 1986: ಲಂಡನ್‌ನಲ್ಲಿ ‘ದಿ ಫ್ಯಾಂಟಮ್ ಆಫ್ ದಿ ಒಪೆರಾ’
- 1988: ರಂಗಸಜ್ಜಿಕೆ ಮತ್ತು ವಸ್ತ್ರವಿನ್ಯಾಸಕ್ಕೆ ಎರಡು ಟೋನಿ ಪ್ರಶಸ್ತಿ
- 1994: ರಾಯಲ್ ಬ್ಯಾಲೆಗೆ ‘ದಿ ಸ್ಲೀಪಿಂಗ್ ಬ್ಯೂಟಿ’
- 1997: ಲಾ ಸ್ಕಾಲಾದಲ್ಲಿ ‘ಮ್ಯಾಕ್‌ಬೆತ್’
- 2002: ಲಂಡನ್‌ನಲ್ಲಿ ನಿಧನ
- 2003: ನ್ಯೂಯಾರ್ಕ್‌ನಲ್ಲಿ ‘ಲೆ ಟ್ರೊಯಾನ್’ ಮರಣೋತ್ತರ ಪ್ರದರ್ಶನ